ಟಾಮ್ ವಿಲ್ಕಿನ್ಸನ್ ಅವರ ಯಾವ ಸಿನಿಮಾ ಮೊದಲು ನೋಡಬೇಕು?

2023ರ ಡಿಸೆಂಬರ್ 30ರಂದು ಬ್ರಿಟಿಷ್ ನಟ ಟಾಮ್ ವಿಲ್ಕಿನ್ಸನ್ ತೀರಿಕೊಂಡರು. ಅವರಿಗೆ ಆಗ 75 ವರ್ಷ. ಸುದ್ದಿಯ ಜೊತೆಗೆ ಬಂದ ಫೋಟೋ ನೋಡಿ ನನ್ನ ಗೆಳೆಯರೆಲ್ಲ ಹೆಚ್ಚುಕಡಿಮೆ ಒಂದೇ ಮಾತು ಹೇಳಿದರು: "ಅಯ್ಯೋ, ಇವರಾ? ಮುಖ ಚೆನ್ನಾಗಿ ಗೊತ್ತು. ಹೆಸರು ಗೊತ್ತಿರಲಿಲ್ಲ." ಒಬ್ಬರಿಗೆ ಅವರು 'ಬ್ಯಾಟ್‌ಮನ್ ಬಿಗಿನ್ಸ್'ನ ಭೂಗತ ದೊರೆ. ಇನ್ನೊಬ್ಬರಿಗೆ ಜೈಪುರದ ಹೋಟೆಲಿಗೆ ಬಂದ ನಿವೃತ್ತ ಜಡ್ಜ್. ಮತ್ತೊಬ್ಬರಿಗೆ 'ಎಟರ್ನಲ್ ಸನ್‌ಶೈನ್'ನಲ್ಲಿ ನೆನಪು ಅಳಿಸುವ ಡಾಕ್ಟರ್. ಈ ಮೂವರೂ ಒಬ್ಬರೇ ಅಂತ ಗೊತ್ತಾದ ಮೇಲೆ ಪ್ರಶ್ನೆ ಶುರುವಾಯಿತು. "ಸರಿ, ಇವರ ಕೆಲಸ ನೋಡಬೇಕು ಅಂದರೆ ಎಲ್ಲಿಂದ ಶುರು ಮಾಡಲಿ?"

ಈ ಪ್ರಶ್ನೆ ಇವತ್ತಿಗೂ ಬರುತ್ತಿದೆ. ನಾಯಕ ನಟರ ವಿಷಯದಲ್ಲಾದರೆ ಉತ್ತರ ಸುಲಭ. ದೊಡ್ಡ ಹಿಟ್ ಯಾವುದೋ ಅದನ್ನು ಹೇಳಿದರೆ ಆಯಿತು. ಪೋಷಕ ನಟರದ್ದು ಹಾಗಲ್ಲ. ವಿಲ್ಕಿನ್ಸನ್ ಸಿನಿಮಾ, ಟಿವಿ ಎರಡೂ ಸೇರಿ ನೂರಕ್ಕೂ ಜಾಸ್ತಿ ಕಡೆ ಕಾಣಿಸಿಕೊಂಡಿದ್ದಾರೆ. ಅದರಲ್ಲಿ ಎಷ್ಟೋ ಪಾತ್ರಗಳು ಕೆಲವೇ ನಿಮಿಷದವು. 1995ರ 'ಸೆನ್ಸ್ ಆ್ಯಂಡ್ ಸೆನ್ಸಿಬಿಲಿಟಿ'ಯಲ್ಲಿ ಸಿನಿಮಾ ಶುರುವಾಗುವಾಗಲೇ ಸಾವಿನ ಹಾಸಿಗೆಯಲ್ಲಿರುತ್ತಾರೆ. ಅಂಥದ್ದನ್ನು ಮೊದಲು ಹಿಡಿದರೆ, "ಇವರಲ್ಲಿ ಅಂಥದ್ದೇನಿದೆ?" ಅನ್ನಿಸಿ ಅಲ್ಲಿಗೇ ಬಿಟ್ಟುಬಿಡುವ ಸಾಧ್ಯತೆ ಇದೆ. ಹಾಗಾಗಬಾರದು ಅನ್ನುವುದೇ ಇದನ್ನು ಬರೆಯಲು ಕಾರಣ.

ಮೊದಲು ಆ ಮನುಷ್ಯನ ಬಗ್ಗೆ ಸ್ವಲ್ಪ

ವಿಲ್ಕಿನ್ಸನ್ ಹುಟ್ಟಿದ್ದು 1948ರ ಫೆಬ್ರವರಿ 5ರಂದು, ಇಂಗ್ಲೆಂಡಿನ ಯಾರ್ಕ್‌ಶೈರ್‌ನ ಲೀಡ್ಸ್‌ನಲ್ಲಿ. ಬೇಸಾಯದ ಮನೆ. ಅವರಿಗೆ ನಾಲ್ಕು ವರ್ಷವಾದಾಗ ಕುಟುಂಬ ಕೆನಡಾಕ್ಕೆ ಹೋಯಿತು. ಬ್ರಿಟಿಷ್ ಕೊಲಂಬಿಯಾದ ಕಿಟಿಮ್ಯಾಟ್ ಅನ್ನುವ ಊರು. ಅಲ್ಯೂಮಿನಿಯಂ ಕಾರ್ಖಾನೆಗಾಗಿಯೇ ಆಗ ತಾನೇ ಎದ್ದಿದ್ದ ಊರದು. ಐದು ವರ್ಷ ಅಲ್ಲಿದ್ದು ವಾಪಸ್ ಬಂದರು. ಈ ಸಲ ಕಾರ್ನ್‌ವಾಲ್‌ನಲ್ಲಿ ಒಂದು ಪಬ್ ನಡೆಸಿದರು. ಆಮೇಲೆ ಮತ್ತೆ ಯಾರ್ಕ್‌ಶೈರ್. ಕೆಂಟ್ ವಿಶ್ವವಿದ್ಯಾಲಯದಲ್ಲಿ ಇಂಗ್ಲಿಷ್ ಮತ್ತು ಅಮೆರಿಕನ್ ಸಾಹಿತ್ಯ ಓದಿ, ಲಂಡನ್ನಿನ ರಾಡಾ ಅನ್ನುವ ನಾಟಕ ಶಾಲೆಯಲ್ಲಿ ನಟನೆ ಕಲಿತರು. 1973ರಲ್ಲಿ ಅಲ್ಲಿಂದ ಹೊರಬಂದರು.

ಆಮೇಲಿನ ಇಪ್ಪತ್ತಕ್ಕೂ ಹೆಚ್ಚು ವರ್ಷ ರಂಗಭೂಮಿ ಮತ್ತು ಬ್ರಿಟಿಷ್ ಟಿವಿಯಲ್ಲಿ ಕಳೆದವು. ನಾಟಿಂಗ್‌ಹ್ಯಾಮ್ ಪ್ಲೇಹೌಸ್, ರಾಯಲ್ ಶೇಕ್ಸ್‌ಪಿಯರ್ ಕಂಪನಿ, ನಾರ್ವೆಯ ನಾಟಕಕಾರ ಇಬ್ಸೆನ್ನನ ನಾಟಕಗಳು. 1994ರಲ್ಲಿ ಬಿಬಿಸಿ ಮಾಡಿದ ಡಿಕನ್ಸ್ ಕಥೆ 'ಮಾರ್ಟಿನ್ ಚಸಲ್‌ವಿಟ್'ನಲ್ಲಿ ಪೆಕ್‌ಸ್ನಿಫ್ ಅನ್ನುವ ಸೋಗಲಾಡಿಯ ಪಾತ್ರ ಮಾಡಿದಾಗ ಜನ ಸರಿಯಾಗಿ ಗಮನಿಸಿದರು. ಹೊರದೇಶಗಳಿಗೆ ಅವರ ಮುಖ ಗೊತ್ತಾದದ್ದು 1997ರಲ್ಲಿ. ಆಗ ಅವರಿಗೆ 49 ವರ್ಷ.

ಈ ವಯಸ್ಸು ಮುಖ್ಯ. ಅಷ್ಟು ಹೊತ್ತಿಗೆ ಅವರು ಮನೆ, ಸಾಲ, ಮಕ್ಕಳು, ಸೋಲು ಎಲ್ಲ ಗೊತ್ತಿರುವ ಮನುಷ್ಯನ ಹಾಗೆ ಕಾಣುತ್ತಿದ್ದರು. ಅಗಲ ಮುಖ, ದಪ್ಪ ಕುತ್ತಿಗೆ. ಬ್ಯಾಂಕಿನಲ್ಲಿ ನಮ್ಮ ಮುಂದೆ ಸಾಲಿನಲ್ಲಿ ನಿಂತವರ ಹಾಗೆ. ಅವರ ಒಳ್ಳೆಯ ಪಾತ್ರಗಳನ್ನೆಲ್ಲ ಒಟ್ಟಿಗೆ ಇಟ್ಟು ನೋಡಿದರೆ ಒಂದು ವಿಷಯ ಮತ್ತೆ ಮತ್ತೆ ಕಾಣುತ್ತದೆ. ಅವರು ಏನನ್ನೋ ಒಳಗೇ ಅದುಮಿಟ್ಟುಕೊಂಡ ಗಂಡಸಿನ ಪಾತ್ರ ಮಾಡುತ್ತಾರೆ. ಕೆಲಸ ಹೋದದ್ದನ್ನು, ದುಃಖವನ್ನು, ಪ್ರೀತಿಯನ್ನು, ತಪ್ಪು ಮಾಡಿದ್ದೇನೆ ಅನ್ನುವ ಅಳುಕನ್ನು. ಮಾತಿನಲ್ಲಿ ಏನೂ ಹೇಳುವುದಿಲ್ಲ. ಆದರೆ ಕತ್ತಿನ ನರ, ಕೋಟಿನ ಗುಂಡಿ ಹಾಕುವ ರೀತಿ, ಬಾಗಿಲಲ್ಲಿ ಒಂದು ಕ್ಷಣ ಜಾಸ್ತಿ ನಿಲ್ಲುವುದು, ಇವೆಲ್ಲ ಹೇಳಿಬಿಡುತ್ತವೆ. ಅದುಮಿಟ್ಟದ್ದು ಯಾವಾಗ ಹೊರಬರುತ್ತದೆ, ಹೇಗೆ ಬರುತ್ತದೆ ಅನ್ನುವುದೇ ಪ್ರತಿ ಸಿನಿಮಾದ ವ್ಯತ್ಯಾಸ. ನಿಮ್ಮ ಆಯ್ಕೆಯೂ ಅದರ ಮೇಲೇ ನಿಂತಿದೆ ಅಂತ ನನಗನ್ನಿಸುತ್ತದೆ.

ಆರಿಸುವ ಮೊದಲು ಕೇಳಿಕೊಳ್ಳಬೇಕಾದದ್ದು

ಮೊದಲನೆಯದು, ಪರದೆಯ ಮೇಲೆ ಅವರು ಎಷ್ಟು ಹೊತ್ತು ಇರುತ್ತಾರೆ. ಅವರ ನಟನೆಯನ್ನೇ ನೋಡಲು ಕೂತಿದ್ದೀರಿ ಅಂದರೆ ಹತ್ತು ನಿಮಿಷದ ಪಾತ್ರ ಸಾಲದು. ಇಡೀ ಸಿನಿಮಾ ಚೆನ್ನಾಗಿದ್ದರೆ ಸಾಕು ಅನ್ನುವವರಿಗೆ ಇದು ಅಷ್ಟು ಮುಖ್ಯವಲ್ಲ.

ಎರಡನೆಯದು, ಮನಸ್ಸಿನ ಭಾರ. ಇದನ್ನು ನಾನು ಎಲ್ಲಕ್ಕಿಂತ ಗಂಭೀರವಾಗಿ ಕೇಳುತ್ತೇನೆ. ಅವರ ಅತ್ಯುತ್ತಮ ಸಿನಿಮಾ ಯಾವುದೋ ಅದೇ ಎಲ್ಲಕ್ಕಿಂತ ನೋವಿನದೂ ಹೌದು. ಮನೆಯಲ್ಲಿ ಇತ್ತೀಚೆಗೆ ಸಾವು ಆಗಿದ್ದರೆ, ಯಾರಾದರೂ ಹುಷಾರಿಲ್ಲದೆ ಮಲಗಿದ್ದರೆ, ಆ ಸಿನಿಮಾ ಈಗ ಬೇಡ.

ಮೂರನೆಯದು, ಯಾರ ಜೊತೆ ಕೂತು ನೋಡುತ್ತೀರಿ. ಅಪ್ಪ ಅಮ್ಮನ ಜೊತೆಯೋ, ಒಬ್ಬರೇ ಆಗಿಯೋ, ಕಾಲೇಜಿಗೆ ಹೋಗುವ ಮಕ್ಕಳ ಜೊತೆಯೋ.

ನಾಲ್ಕನೆಯದು, ಮಾತಿನ ಧಾಟಿ. ನಮ್ಮಲ್ಲಿ ಹೆಚ್ಚಿನವರಿಗೆ ಅಮೆರಿಕನ್ ಇಂಗ್ಲಿಷ್ ಕಿವಿಗೆ ಅಭ್ಯಾಸವಾಗಿದೆ. ಉತ್ತರ ಇಂಗ್ಲೆಂಡಿನ ಮಾತು ಹಾಗಲ್ಲ. ಸಬ್‌ಟೈಟಲ್ ಇಲ್ಲದೆ ನೋಡಿದರೆ ಅರ್ಧ ನಗು ತಪ್ಪಿಹೋಗುತ್ತದೆ.

ಕೊನೆಯದು ಸಮಯ ಮತ್ತು ದುಡ್ಡು. ಒಂದೇ ಸಿನಿಮಾಕ್ಕಾಗಿ ತಿಂಗಳ ಚಂದಾ ಕಟ್ಟಬೇಡಿ. ಫೋನಿನಲ್ಲಿ ಹೆಸರು ಹುಡುಕಿ, ಬಾಡಿಗೆಗೆ ಸಿಗುತ್ತದಾ ನೋಡಿ. ಒಂದೊಂದೇ ಸಿನಿಮಾ ನೋಡುವವರಿಗೆ ಬಾಡಿಗೆಯೇ ಸರಿ. ಏಳು ಕಂತಿನ ಸರಣಿ ನೋಡುವ ಮನಸ್ಸಿದ್ದರೆ ಮಾತ್ರ ಚಂದಾ ಲೆಕ್ಕಕ್ಕೆ ಬರುತ್ತದೆ. ಯಾವ ಸಿನಿಮಾ ಯಾವ ಆ್ಯಪ್‌ನಲ್ಲಿದೆ ಅನ್ನುವುದು ಬದಲಾಗುತ್ತಲೇ ಇರುತ್ತದೆ, ಆದ್ದರಿಂದ ಆ ಹೆಸರುಗಳನ್ನು ಇಲ್ಲಿ ಬರೆದಿಲ್ಲ.

ದ ಫುಲ್ ಮಾಂಟಿ (1997)

ಇಂಗ್ಲೆಂಡಿನ ಶೆಫೀಲ್ಡ್ ಉಕ್ಕಿನ ಊರು. ಕಾರ್ಖಾನೆಗಳು ಮುಚ್ಚಿವೆ. ಕೆಲಸ ಕಳೆದುಕೊಂಡ ಆರು ಗಂಡಸರು ದುಡ್ಡಿಗಾಗಿ ವೇದಿಕೆ ಮೇಲೆ ಬಟ್ಟೆ ಬಿಚ್ಚಿ ಕುಣಿಯಲು ತೀರ್ಮಾನಿಸುತ್ತಾರೆ. ಕಥೆ ಕೇಳಿದರೆ ಬರೀ ತಮಾಷೆ ಅನ್ನಿಸುತ್ತದೆ. ನಗು ಬೇಕಾದಷ್ಟಿದೆ, ನಿಜ. ಆದರೆ ವಿಲ್ಕಿನ್ಸನ್ ಮಾಡಿದ ಜೆರಾಲ್ಡ್ ಪಾತ್ರ ನೋಡಿ. ಅದೇ ಕಾರ್ಖಾನೆಯಲ್ಲಿ ಫೋರ್‌ಮನ್ ಆಗಿದ್ದವನು. ಕೆಲಸ ಹೋಗಿ ಆರು ತಿಂಗಳಾಗಿದೆ. ಹೆಂಡತಿಗೆ ಹೇಳಿಲ್ಲ. ದಿನಾ ಬೆಳಿಗ್ಗೆ ಶರ್ಟು ಟೈ ಹಾಕಿಕೊಂಡು ಮನೆಯಿಂದ ಹೊರಡುತ್ತಾನೆ. ಹೆಂಡತಿ ಕಾರ್ಡಿನಲ್ಲಿ ಖರ್ಚು ಮಾಡುತ್ತಲೇ ಇದ್ದಾಳೆ. ಅವಳನ್ನು ತಡೆಯಬೇಕಾದರೆ ನಿಜ ಹೇಳಬೇಕು. ಅದು ಅವನಿಂದಾಗುವುದಿಲ್ಲ.

ಒಂದು ದೃಶ್ಯವಿದೆ. ಜೆರಾಲ್ಡ್ ಕೊನೆಗೂ ಒಂದು ಇಂಟರ್‌ವ್ಯೂಗೆ ಹೋಗಿರುತ್ತಾನೆ. ಹಳೆಯ ಜೊತೆಗಾರರು ಕಿಟಕಿಯ ಹೊರಗೆ ಅವನ ತೋಟದ ಕುಳ್ಳ ಗೊಂಬೆಗಳನ್ನು ಕುಣಿಸಿ ಅವನ ಗಮನ ಕೆಡಿಸುತ್ತಾರೆ. ನಾವು ನಗುತ್ತೇವೆ. ಮುಂದಿನ ದೃಶ್ಯದಲ್ಲಿ ಅವನು ಅವರ ಮೇಲೆ ಬಿದ್ದು, ತನ್ನ ಪಾಡನ್ನು ಹೇಳುತ್ತಾ ಕುಸಿಯುತ್ತಾನೆ. ನಕ್ಕಿದ್ದಕ್ಕೆ ನಮಗೇ ಸಂಕಟವಾಗುತ್ತದೆ. ನಗುವಿನಿಂದ ಸಂಕಟಕ್ಕೆ ಇಷ್ಟು ಬೇಗ ಕರೆದುಕೊಂಡು ಹೋಗುವ ನಟರು ಕಡಿಮೆ. ಈ ಪಾತ್ರಕ್ಕೆ ಅವರಿಗೆ ಬ್ರಿಟನ್ನಿನ ಬಾಫ್ಟಾ ಪೋಷಕ ನಟ ಪ್ರಶಸ್ತಿ ಬಂತು. ಸುಮಾರು 35 ಲಕ್ಷ ಡಾಲರ್‌ನಲ್ಲಿ ತೆಗೆದ ಈ ಸಿನಿಮಾ ಜಗತ್ತಿನಾದ್ಯಂತ 25 ಕೋಟಿ ಡಾಲರ್ ದಾಟಿ ಗಳಿಸಿತು.

ಅನುಕೂಲ ಏನಪ್ಪಾ ಅಂದರೆ, ಒಂದೂವರೆ ಗಂಟೆಯಲ್ಲಿ ಮುಗಿಯುತ್ತದೆ. ವಿಲ್ಕಿನ್ಸನ್ ಕಥೆಯುದ್ದಕ್ಕೂ ಇರುತ್ತಾರೆ. ಕೊನೆಯಲ್ಲಿ ಮನಸ್ಸು ಹಗುರಾಗುತ್ತದೆ. ಶೆಫೀಲ್ಡ್ ಇರುವ ಯಾರ್ಕ್‌ಶೈರ್ ಅವರ ಹುಟ್ಟೂರಿನ ಸೀಮೆ, ಆದ್ದರಿಂದ ಮಾತಿನಲ್ಲಿ ಎಲ್ಲೂ ಕಲಿತದ್ದು ಅನ್ನಿಸುವುದಿಲ್ಲ.

ತೊಂದರೆಯೂ ಆ ಮಾತಿನಲ್ಲೇ ಇದೆ. ಶೆಫೀಲ್ಡ್‌ನ ಧಾಟಿ ಗಟ್ಟಿ. ಸಬ್‌ಟೈಟಲ್ ಹಾಕಿಕೊಳ್ಳಲೇಬೇಕು. ಬೈಗುಳ ಜಾಸ್ತಿ. ಒಬ್ಬ ಆತ್ಮಹತ್ಯೆಗೆ ಪ್ರಯತ್ನಿಸುವ ದೃಶ್ಯವಿದೆ. ಅದನ್ನು ಹಗುರವಾಗಿ ತೋರಿಸಿದ್ದಾರೆ, ಆದರೂ ಕೆಲವರಿಗೆ ಚುಚ್ಚಬಹುದು. ಬ್ರಿಟನ್ನಿನಲ್ಲಿ ಇದಕ್ಕೆ 15 ವರ್ಷ ಮೇಲ್ಪಟ್ಟವರಿಗೆ ಅನ್ನುವ ಸರ್ಟಿಫಿಕೇಟ್ ಇದೆ. ಚಿಕ್ಕ ಮಕ್ಕಳು ಇರುವಾಗ ಬೇಡ. ಇನ್ನು, ಕೆಲಸ ಕಳೆದುಕೊಂಡು ಮನೆಯಲ್ಲಿ ಕೂತವರಿಗೆ ಇದನ್ನು ತೋರಿಸಬಹುದಾ ಅಂತ ಒಬ್ಬರು ಕೇಳಿದ್ದರು. ನಾನು ತೋರಿಸಿ ಅಂದೆ. ಈ ಸಿನಿಮಾ ಅಂಥವರನ್ನು ನೋಡಿ ನಗುವುದಿಲ್ಲ. ಅವರ ಜೊತೆ ಕೂತು ನಗುತ್ತದೆ.

2023ರಲ್ಲಿ ಅದೇ ಪಾತ್ರಗಳು ವಯಸ್ಸಾಗಿ ಮರಳುವ ಸರಣಿ ಬಂತು. ವಿಲ್ಕಿನ್ಸನ್ ಅದರಲ್ಲೂ ಜೆರಾಲ್ಡ್ ಆಗಿ ಬರುತ್ತಾರೆ. ಸಿನಿಮಾ ನೋಡದೆ ಸರಣಿಗೆ ಹೋಗಬೇಡಿ.

ಇನ್ ದ ಬೆಡ್‌ರೂಮ್ (2001)

ಅವರ ನಟನೆಯ ತುತ್ತತುದಿ ಯಾವುದು ಅಂತ ಕೇಳಿದರೆ ನಾನು ಯೋಚಿಸದೆ ಹೇಳುವ ಹೆಸರು ಇದು. ಹಾಗಿದ್ದೂ ಎಲ್ಲರಿಗೂ ಮೊದಲು ನೋಡಿ ಅಂತ ಹೇಳುವುದಿಲ್ಲ.

ಅಮೆರಿಕದ ಮೇಯ್ನ್ ರಾಜ್ಯ, ಕಡಲ ತೀರದ ಸಣ್ಣ ಊರು. ಮ್ಯಾಟ್ ಫೌಲರ್ ಅಲ್ಲಿನ ಡಾಕ್ಟರ್. ಹೆಂಡತಿ ರೂತ್ ಸಂಗೀತ ಕಲಿಸುತ್ತಾಳೆ. ಆ ಪಾತ್ರ ಮಾಡಿದವರು ಸಿಸ್ಸಿ ಸ್ಪೇಸೆಕ್. ಮಗ ಕಾಲೇಜು ರಜೆಗೆ ಬಂದಿದ್ದಾನೆ. ತನಗಿಂತ ದೊಡ್ಡವಳಾದ, ಇಬ್ಬರು ಮಕ್ಕಳಿರುವ, ಗಂಡನಿಂದ ಬೇರೆಯಾದ ಹೆಂಗಸನ್ನು ಪ್ರೀತಿಸುತ್ತಿದ್ದಾನೆ. ಬೇಸಿಗೆ, ಬೇಸ್‌ಬಾಲ್, ಮೀನುಗಾರಿಕೆ. ಆಮೇಲೆ ಆ ಮನೆಯ ಮೇಲೆ ಒಂದು ಸಿಡಿಲು ಬೀಳುತ್ತದೆ. ಏನು ಅಂತ ಹೇಳುವುದಿಲ್ಲ. ಟ್ರೇಲರ್ ಕೂಡ ನೋಡಬೇಡಿ.

ಹೆಸರಿನ ಅರ್ಥ ನಾವಂದುಕೊಂಡದ್ದಲ್ಲ. ಲಾಬ್‌ಸ್ಟರ್, ಅಂದರೆ ದೊಡ್ಡ ಸೀಗಡಿಯಂಥ ಕಡಲ ಜೀವಿ, ಅದನ್ನು ಹಿಡಿಯುವ ಬೋನಿನ ಒಳಗಿನ ಗೂಡಿಗೆ ಅಲ್ಲಿನ ಬೆಸ್ತರು 'ಬೆಡ್‌ರೂಮ್' ಅನ್ನುತ್ತಾರೆ. ಆ ಗೂಡಿನಲ್ಲಿ ಎರಡಕ್ಕಿಂತ ಜಾಸ್ತಿ ಸಿಕ್ಕಿಬಿದ್ದರೆ ಲಾಬ್‌ಸ್ಟರ್‌ಗಳು ಒಂದನ್ನೊಂದು ಕಚ್ಚಿ ಹರಿಯುತ್ತವೆ. ಸಿನಿಮಾದ ಶುರುವಿನಲ್ಲೇ ಮ್ಯಾಟ್ ಇದನ್ನು ಒಬ್ಬ ಚಿಕ್ಕ ಹುಡುಗನಿಗೆ ವಿವರಿಸುತ್ತಾನೆ. ಆಮೇಲೆ ಆ ಗಂಡ ಹೆಂಡತಿ ತಮ್ಮದೇ ಮನೆಯೊಳಗೆ ಸಿಕ್ಕಿಬಿದ್ದದ್ದನ್ನು ನಾವು ನೋಡುತ್ತೇವೆ.

ಸುಮಾರು ಒಂದು ಗಂಟೆ ಹೊತ್ತು ಮ್ಯಾಟ್ ಏನೂ ಹೇಳುವುದಿಲ್ಲ. ಆಸ್ಪತ್ರೆಗೆ ಹೋಗುತ್ತಾನೆ. ಗೆಳೆಯರ ಜೊತೆ ಇಸ್ಪೀಟು ಆಡುತ್ತಾನೆ. ಅವರಿಗೂ ಏನು ಮಾತಾಡಬೇಕೋ ಗೊತ್ತಿಲ್ಲ. ಕೊನೆಗೆ ಮನೆಯೊಳಗೆ ಗಂಡ ಹೆಂಡತಿ ಜಗಳವಾಗುತ್ತದೆ. ಹೇಳಬಾರದ್ದನ್ನೆಲ್ಲ ಹೇಳಿಕೊಳ್ಳುತ್ತಾರೆ. ನಡುವೆ ಬಾಗಿಲು ಸದ್ದಾಗುತ್ತದೆ. ಶಾಲೆಗಾಗಿ ಚಾಕಲೇಟ್ ಮಾರಲು ಬಂದ ಹುಡುಗಿ. ಬಾಗಿಲವರೆಗೆ ಹೋಗುವಷ್ಟರಲ್ಲಿ ಆ ಮುಖ ಡಾಕ್ಟರನ ಮುಖವಾಗಬೇಕು. ವಿಲ್ಕಿನ್ಸನ್ ಆ ಕೆಲವು ಹೆಜ್ಜೆಗಳಲ್ಲಿ ಮಾಡುವುದನ್ನು ನಾನು ಎಷ್ಟು ಸಲ ಹಿಂದಕ್ಕೆ ಹಾಕಿ ನೋಡಿದ್ದೇನೋ ಲೆಕ್ಕವಿಲ್ಲ.

ಇದಕ್ಕೆ ಅವರು ಆಸ್ಕರ್‌ನ ಅತ್ಯುತ್ತಮ ನಟ ವಿಭಾಗದಲ್ಲಿ ನಾಮನಿರ್ದೇಶನ ಪಡೆದರು. ಸಿನಿಮಾಕ್ಕೆ ಒಟ್ಟು ಐದು ನಾಮನಿರ್ದೇಶನ. ನಿರ್ದೇಶಕ ಟಾಡ್ ಫೀಲ್ಡ್‌ಗೆ ಇದು ಮೊದಲ ಪೂರ್ಣ ಪ್ರಮಾಣದ ಸಿನಿಮಾ. ಯಾರ್ಕ್‌ಶೈರ್‌ನ ಮನುಷ್ಯ ಮೇಯ್ನ್‌ನ ಡಾಕ್ಟರ್ ಆಗಿದ್ದಾನೆ ಅನ್ನುವುದು ನೋಡುವಾಗ ನೆನಪೇ ಆಗುವುದಿಲ್ಲ.

ಬೆಲೆ ಏನು? ಎರಡು ಗಂಟೆ ಹತ್ತು ನಿಮಿಷ. ನಿಧಾನ. ಹಿನ್ನೆಲೆ ಸಂಗೀತ ಕಡಿಮೆ, ಮೌನ ಜಾಸ್ತಿ. ಫೋನ್ ನೋಡುತ್ತಾ ನೋಡಿದರೆ ಏನೂ ಸಿಗುವುದಿಲ್ಲ. ಒಬ್ಬರೇ ಅಥವಾ ತುಂಬಾ ಹತ್ತಿರದ ಒಬ್ಬರ ಜೊತೆ ರಾತ್ರಿ ಕೂತು ನೋಡಬೇಕಾದದ್ದು. ಮಕ್ಕಳನ್ನು ಕಳೆದುಕೊಂಡವರಿಗೆ ಖಂಡಿತ ಬೇಡ.

ಮೈಕಲ್ ಕ್ಲೇಟನ್ (2007)

ಇಲ್ಲಿ ಎಲ್ಲ ತಿರುಗುಮುರುಗು. ಬೇರೆ ಪಾತ್ರಗಳು ಅದುಮಿಟ್ಟುಕೊಂಡರೆ, ಆರ್ಥರ್ ಎಡನ್ಸ್‌ಗೆ ಇನ್ನು ಅದುಮಿಡಲು ಆಗುವುದೇ ಇಲ್ಲ. ನ್ಯೂಯಾರ್ಕಿನ ದೊಡ್ಡ ಲಾ ಕಂಪನಿಯ ಹಿರಿಯ ವಕೀಲ. ಕಳೆನಾಶಕ ಮಾಡುವ ಒಂದು ಕಂಪನಿಯ ಪರವಾಗಿ ವರ್ಷಗಟ್ಟಲೆ ವಾದಿಸಿದ್ದಾನೆ. ಆ ಕಳೆನಾಶಕ ರೈತರನ್ನು ಸಾಯಿಸಿದೆ ಅಂತ ಅವನಿಗೆ ಗೊತ್ತಾಗಿದೆ. ಮಾನಸಿಕ ಕಾಯಿಲೆಯ ಔಷಧಿ ತೆಗೆದುಕೊಳ್ಳುವುದನ್ನು ನಿಲ್ಲಿಸುತ್ತಾನೆ. ಸಾಕ್ಷಿ ಹೇಳಿಕೆ ನಡೆಯುವ ಕೋಣೆಯಲ್ಲಿ ಎಲ್ಲರ ಮುಂದೆ ಬಟ್ಟೆ ಕಳಚುತ್ತಾನೆ. ಅವನಿಗೆ ಹುಚ್ಚು ಹಿಡಿದಿದೆಯಾ, ಅಥವಾ ಅವನೊಬ್ಬನಿಗೇ ಬುದ್ಧಿ ನೆಟ್ಟಗಾಗಿದೆಯಾ? ಸಿನಿಮಾ ಪೂರ್ತಿ ಈ ಪ್ರಶ್ನೆಯ ಮೇಲೆ ನಡೆಯುತ್ತದೆ.

ಶುರುವಾಗುವುದೇ ವಿಲ್ಕಿನ್ಸನ್ ದನಿಯಿಂದ. ರಾತ್ರಿ ಹೊತ್ತು, ಕಚೇರಿಯ ಖಾಲಿ ಕಾರಿಡಾರುಗಳು, ಮುಖ ಕಾಣುವುದಿಲ್ಲ. ಬರೀ ದನಿ. ಓಡುತ್ತದೆ, ಎಡವುತ್ತದೆ, ಬೇಡಿಕೊಳ್ಳುತ್ತದೆ. ನಟನೆ ಕಲಿಯುವವರು ಕಣ್ಣು ಮುಚ್ಚಿಕೊಂಡು ಇದನ್ನು ಕೇಳಬೇಕು. ಇನ್ನೊಂದು ಕಡೆ ಆರ್ಥರ್ ಫೋನಿನಲ್ಲಿ ಕಥಾನಾಯಕ ಕ್ಲೇಟನ್‌ನ ಚಿಕ್ಕ ಮಗನ ಜೊತೆ ಒಂದು ಕಥೆಪುಸ್ತಕದ ಬಗ್ಗೆ ಮಾತಾಡುತ್ತಾನೆ. ಎಷ್ಟು ಗಮನ ಕೊಟ್ಟು ಕೇಳಿಸಿಕೊಳ್ಳುತ್ತಾನೆ ಅಂದರೆ, ಇಡೀ ಸಿನಿಮಾದಲ್ಲಿ ಮತ್ತೊಬ್ಬರ ಮಾತನ್ನು ಪೂರ್ತಿ ಕೇಳುವವನು ಅವನೊಬ್ಬನೇ ಅನ್ನಿಸುತ್ತದೆ.

ಅವರ ಎರಡನೆಯ ಆಸ್ಕರ್ ನಾಮನಿರ್ದೇಶನ ಇದಕ್ಕೆ ಬಂತು, ಪೋಷಕ ನಟ ವಿಭಾಗದಲ್ಲಿ. ಜಾರ್ಜ್ ಕ್ಲೂನಿ ನಾಯಕ. ಟಿಲ್ಡಾ ಸ್ವಿಂಟನ್‌ಗೆ ಪೋಷಕ ನಟಿ ಆಸ್ಕರ್ ಸಿಕ್ಕಿತು. ಥ್ರಿಲ್ಲರ್ ಇಷ್ಟಪಡುವವರಿಗೆ, ಕೋರ್ಟು ಕಂಪನಿ ವ್ಯವಹಾರದ ಕಥೆ ಇಷ್ಟಪಡುವವರಿಗೆ ಇದೇ ಮೊದಲ ಬಾಗಿಲು. ಎರಡು ಗಂಟೆ, ಬಿಗಿಯಾಗಿದೆ. ಕಥೆ ಹಿಂದೆ ಮುಂದೆ ಹೋಗುತ್ತದೆ, ಆದ್ದರಿಂದ ಮೊದಲ ಹದಿನೈದು ನಿಮಿಷ ತಾಳ್ಮೆ ಬೇಕು. ಕೊರತೆ ಅಂದರೆ ವಿಲ್ಕಿನ್ಸನ್ ಇದರಲ್ಲಿ ಅಲ್ಲಲ್ಲಿ ಬರುತ್ತಾರೆ ಅಷ್ಟೇ. ಬಂದಾಗ ಮಾತ್ರ ಬೇರೆಯವರ ಕಡೆ ಕಣ್ಣು ಹೋಗುವುದಿಲ್ಲ.

ದ ಬೆಸ್ಟ್ ಎಕ್ಸಾಟಿಕ್ ಮಾರಿಗೋಲ್ಡ್ ಹೋಟೆಲ್ (2011)

ಅಪ್ಪ ಅಮ್ಮನ ಜೊತೆ ನೋಡಲು ಏನಾದರೂ ಹೇಳಿ ಅಂದರೆ ಇದು. ವಯಸ್ಸಾದ ಏಳು ಮಂದಿ ಬ್ರಿಟಿಷರು ಕಡಿಮೆ ಖರ್ಚಿನಲ್ಲಿ ಬದುಕಲು ಜೈಪುರದ ಹಳೆಯ ಹೋಟೆಲಿಗೆ ಬರುತ್ತಾರೆ. ಜೂಡಿ ಡೆಂಚ್, ಮ್ಯಾಗಿ ಸ್ಮಿತ್, ಬಿಲ್ ನಾಯ್, ದೇವ್ ಪಟೇಲ್, ದೊಡ್ಡ ತಂಡ. ವಿಲ್ಕಿನ್ಸನ್ ಅವರ ಹೆಂಡತಿ ಡಯಾನಾ ಹಾರ್ಡ್‌ಕ್ಯಾಸಲ್ ಕೂಡ ಇದರಲ್ಲಿದ್ದಾರೆ.

ನಮಗೊಂದು ಕುತೂಹಲದ ವಿಷಯ. ಇದಕ್ಕೆ ಆಧಾರವಾದ ಡೆಬೊರಾ ಮೊಗಾಕ್ ಅವರ ಕಾದಂಬರಿ ನಡೆಯುವುದು ಬೆಂಗಳೂರಿನಲ್ಲಿ. ಸಿನಿಮಾ ಮಾಡುವಾಗ ಕಥೆಯನ್ನು ರಾಜಸ್ಥಾನಕ್ಕೆ ಸಾಗಿಸಿದರು. ಹೋಟೆಲಿನ ಚಿತ್ರೀಕರಣ ಉದಯಪುರದ ಹತ್ತಿರದ ಖೇಮ್‌ಪುರದಲ್ಲಿ ಆಯಿತು. ಬೆಂಗಳೂರೇ ಇದ್ದಿದ್ದರೆ ಅಂತ ನನಗೆ ಇವತ್ತಿಗೂ ಆಸೆ.

ವಿಲ್ಕಿನ್ಸನ್ ಮಾಡಿದ ಗ್ರಹಾಮ್ ನಿವೃತ್ತ ಹೈಕೋರ್ಟ್ ಜಡ್ಜ್. ಎಳೆತನದಲ್ಲಿ ಭಾರತದಲ್ಲೇ ಬೆಳೆದವನು. ಆಗ ಮನೋಜ್ ಅನ್ನುವ ಹುಡುಗನನ್ನು ಪ್ರೀತಿಸಿದ್ದ. ಅದು ಗೊತ್ತಾದಾಗ ಅವಮಾನ ಅನುಭವಿಸಿದ್ದು ಮನೋಜ್‌ನ ಮನೆಯವರು. ಗ್ರಹಾಮ್ ಇಂಗ್ಲೆಂಡಿಗೆ ಹೋಗಿ ದೊಡ್ಡ ಮನುಷ್ಯನಾದ. ಆ ಅಳುಕನ್ನು ನಲವತ್ತು ವರ್ಷ ಹೊತ್ತು, ಈಗ ಮನೋಜ್‌ನನ್ನು ಹುಡುಕಲು ಬಂದಿದ್ದಾನೆ. ದಿನಾ ಸರ್ಕಾರಿ ಕಚೇರಿಗೆ ಹೋಗಿ ವಿಳಾಸ ಕೇಳುತ್ತಾನೆ. ಬೀದಿ ಮಕ್ಕಳ ಜೊತೆ ಕ್ರಿಕೆಟ್ ಆಡುತ್ತಾನೆ. ಉಳಿದವರು ಭಾರತವನ್ನು ನೋಡಲು ಬಂದವರು. ಇವನು ಮನೆಗೆ ವಾಪಸ್ ಬಂದವನು. ಆ ವ್ಯತ್ಯಾಸ ವಿಲ್ಕಿನ್ಸನ್ ನಡೆಯುವ ರೀತಿಯಲ್ಲೇ ಇದೆ.

ಮುಚ್ಚಿಡದೆ ಹೇಳುತ್ತೇನೆ, ಸಿನಿಮಾ ತೋರಿಸುವ ಭಾರತ ತುಸು ಪೋಸ್ಟ್‌ಕಾರ್ಡ್ ಬಣ್ಣದ್ದು. ದೇವ್ ಪಟೇಲ್ ಪಾತ್ರ ಕೆಲವರಿಗೆ ಅತಿಯಾಗಬಹುದು. ಏಳು ಜನರ ಕಥೆಯಲ್ಲಿ ವಿಲ್ಕಿನ್ಸನ್‌ಗೆ ಸಿಗುವುದು ಒಂದು ಪಾಲು. ನಟನೆಯನ್ನು ಆಳವಾಗಿ ನೋಡಲು ಹೊರಟವರು ಇಲ್ಲಿಂದ ಶುರು ಮಾಡಬೇಡಿ. ಆದರೆ ಮಾತು ಸುಲಭವಾಗಿ ಅರ್ಥವಾಗುತ್ತದೆ, ಕಥೆ ಎಳೆಯುತ್ತದೆ, ನಿವೃತ್ತರಾದವರಿಗೆ ತಮ್ಮದೇ ಮಾತು ಕೇಳಿದ ಹಾಗಾಗುತ್ತದೆ. ಸಲಿಂಗ ಪ್ರೀತಿಯ ಬಗ್ಗೆ ಮನೆಯಲ್ಲಿ ಮಾತಾಡಲು ಕಷ್ಟಪಡುವವರಿಗೆ ಗ್ರಹಾಮ್‌ನ ಕಥೆ ಒಂದು ದಾರಿ ಮಾಡಿಕೊಟ್ಟದ್ದನ್ನು ನಾನು ನೋಡಿದ್ದೇನೆ. ಸಿನಿಮಾ ಮುಗಿದ ಮೇಲೆ ನಮ್ಮ ಮನೆಯ ಹಿರಿಯರೊಬ್ಬರು ಸುಮ್ನೆ ಕೂತಿದ್ದು, "ಪಾಪ, ಅಷ್ಟು ವರ್ಷ" ಅಂದರು. ಅಷ್ಟೇ ಅಂದದ್ದು.

ಇನ್ನೆರಡು, ಬೇರೆ ರುಚಿಯವರಿಗೆ

ಇತಿಹಾಸ ಇಷ್ಟಪಡುವವರಿಗೆ 'ಡಿನಯಲ್' (2016). ಯಹೂದಿಗಳ ಸಾಮೂಹಿಕ ಕೊಲೆಯನ್ನೇ ಅಲ್ಲಗಳೆದ ಡೇವಿಡ್ ಇರ್ವಿಂಗ್, ತನ್ನ ಬಗ್ಗೆ ಹಾಗೆ ಬರೆದ ಇತಿಹಾಸಕಾರ್ತಿ ಡೆಬೊರಾ ಲಿಪ್‌ಸ್ಟಾಟ್ ಮೇಲೆ ಲಂಡನ್ನಿನಲ್ಲಿ ಮಾನನಷ್ಟ ಮೊಕದ್ದಮೆ ಹೂಡಿದ್ದ. ವಿಚಾರಣೆ ನಡೆದದ್ದು 2000ದಲ್ಲಿ. ಇಂಗ್ಲೆಂಡಿನ ಕಾನೂನಿನ ಪ್ರಕಾರ ತಾನು ಬರೆದದ್ದು ನಿಜ ಅಂತ ಸಾಬೀತು ಮಾಡುವ ಹೊಣೆ ಬರೆದವರ ಮೇಲೇ ಬೀಳುತ್ತದೆ. ವಿಲ್ಕಿನ್ಸನ್ ಇಲ್ಲಿ ಲಿಪ್‌ಸ್ಟಾಟ್ ಪರ ವಕೀಲ ರಿಚರ್ಡ್ ರಾಂಪ್ಟನ್. ಕೋರ್ಟಿನ ಮಾತುಗಳನ್ನು ನಿಜವಾದ ದಾಖಲೆಯಿಂದಲೇ ತೆಗೆದುಕೊಂಡಿದ್ದಾರೆ. ನಾಜಿಗಳು ಯಹೂದಿಗಳನ್ನು ಕೊಂದ ಆಶ್‌ವಿಟ್ಜ್ ಶಿಬಿರಕ್ಕೆ ಹೋದಾಗ ರಾಂಪ್ಟನ್ ಒಂದು ಹನಿ ಕಣ್ಣೀರಿಲ್ಲದೆ, ಒರಟಾಗಿ ಪ್ರಶ್ನೆ ಕೇಳುತ್ತಾ ನಡೆಯುತ್ತಾರೆ. ಲಿಪ್‌ಸ್ಟಾಟ್‌ಗೆ ಸಿಟ್ಟು ಬರುತ್ತದೆ. ಅವರು ಹಾಗೇಕೆ ನಡೆದುಕೊಂಡರು ಅನ್ನುವುದು ಆಮೇಲೆ ತಿಳಿಯುತ್ತದೆ. ಕಾನೂನು ಓದುವ ಮಕ್ಕಳಿದ್ದರೆ ಅವರ ಜೊತೆ ಕೂತು ನೋಡಿ. ಮಾತೇ ಮಾತು ಇರುವ ಸಿನಿಮಾ, ಬೇಸರಪಡುವವರೂ ಇರುತ್ತಾರೆ.

ಸಮಯ ಧಾರಾಳವಾಗಿದ್ದರೆ, ಚಂದಾ ಹೇಗೂ ಇದ್ದರೆ, ಅಮೆರಿಕದ ಎರಡನೆಯ ಅಧ್ಯಕ್ಷರ ಬಗ್ಗೆ ಬಂದ 2008ರ 'ಜಾನ್ ಆಡಮ್ಸ್' ಸರಣಿ. ಏಳು ಕಂತು. ವಿಲ್ಕಿನ್ಸನ್ ಬೆಂಜಮಿನ್ ಫ್ರಾಂಕ್ಲಿನ್ ಆಗಿದ್ದಾರೆ. ಎಮ್ಮಿ, ಗೋಲ್ಡನ್ ಗ್ಲೋಬ್ ಎರಡೂ ಪ್ರಶಸ್ತಿ ಈ ಪಾತ್ರಕ್ಕೆ ಅವರಿಗೆ ಬಂದವು. ಅವರ ತುಂಟತನ ನೋಡಬೇಕಾದರೆ ಇದೇ. ಎಲ್ಲ ಕಂತುಗಳಲ್ಲೂ ಅವರು ಇರುವುದಿಲ್ಲ. ಅವರೊಬ್ಬರಿಗಾಗಿ ಇಷ್ಟು ಗಂಟೆ ಕೊಡುವುದು ನನ್ನ ಲೆಕ್ಕದಲ್ಲಿ ಜಾಸ್ತಿಯಾಯಿತು. ಅಮೆರಿಕದ ಸ್ವಾತಂತ್ರ್ಯದ ಕಥೆಯಲ್ಲೂ ಆಸಕ್ತಿ ಇದ್ದರೆ ಸರಿಹೋಗುತ್ತದೆ.

'ಎಟರ್ನಲ್ ಸನ್‌ಶೈನ್' (2004) ಒಳ್ಳೆಯ ಸಿನಿಮಾ. ಅದರಲ್ಲಿನ ಡಾಕ್ಟರ್ ಕೂಡ ಒಂದು ಗುಟ್ಟು ಇಟ್ಟುಕೊಂಡವನೇ. ಆದರೆ ಅದನ್ನು ವಿಲ್ಕಿನ್ಸನ್‌ಗಾಗಿ ಅಂತ ನೋಡುವ ಅಗತ್ಯವಿಲ್ಲ. 'ಬ್ಯಾಟ್‌ಮನ್ ಬಿಗಿನ್ಸ್', 'ರಷ್ ಅವರ್' ಇವೂ ಹಾಗೇ. ಎದುರು ಬಂದಾಗ ಗುರುತು ಹಿಡಿದು ಖುಷಿಪಡಿ.

ಹಾಗಾದರೆ ಯಾವುದು?

ವಾರದ ಮಧ್ಯೆ ಒಂದೂವರೆ ಗಂಟೆ ಸಿಕ್ಕಿದೆ, ನಗಬೇಕು, ಆದರೆ ಬರೀ ನಗು ಸಾಲದು ಅನ್ನುವವರು 'ದ ಫುಲ್ ಮಾಂಟಿ' ನೋಡಿ. ಹೆಚ್ಚಿನವರಿಗೆ ನಾನು ಹೇಳುವುದು ಇದನ್ನೇ. ದುಡ್ಡು, ಸಮಯ, ಮನಸ್ಸು, ಯಾವ ಲೆಕ್ಕದಲ್ಲೂ ನಷ್ಟವಿಲ್ಲ. ಮನೆಯಲ್ಲಿ ಹಿರಿಯರಿದ್ದಾರೆ, ಎಲ್ಲರೂ ಒಟ್ಟಿಗೆ ಕೂರಬೇಕು ಅಂದರೆ ಮಾರಿಗೋಲ್ಡ್ ಹೋಟೆಲ್. ಇಂಗ್ಲಿಷ್ ಸಿನಿಮಾ ಅಷ್ಟಾಗಿ ನೋಡದವರಿಗೂ ಅದೇ ಸುಲಭ. ಥ್ರಿಲ್ಲರ್ ಇಲ್ಲದಿದ್ದರೆ ನಿದ್ದೆ ಬರುತ್ತದೆ ಅನ್ನುವವರಿಗೆ 'ಮೈಕಲ್ ಕ್ಲೇಟನ್'.

ನಾಟಕ ಮಾಡುವವರು, ನಟನೆ ಕಲಿಯುವವರು ಕೇಳಿದರೆ ಮಾತ್ರ ನೇರವಾಗಿ 'ಇನ್ ದ ಬೆಡ್‌ರೂಮ್' ಅನ್ನುತ್ತೇನೆ. ಏನೂ ಮಾಡದ ಹಾಗೆ ಕಾಣುತ್ತಾ ಎಲ್ಲವನ್ನೂ ಮಾಡುವುದು ಹೇಗೆ ಅನ್ನುವುದು ಅಲ್ಲಿದೆ. ಉಳಿದವರು ಅದಕ್ಕೆ ಎರಡನೆಯದಾಗಿ ಬನ್ನಿ. ಜೆರಾಲ್ಡ್‌ನನ್ನು ನೋಡಿದವರಿಗೆ ಮ್ಯಾಟ್ ಬೇಗ ಅರ್ಥವಾಗುತ್ತಾನೆ. ಹೆಂಡತಿಯ ಎದುರು ನಿಂತು ಮಾತು ಹುಡುಕುವ ಆ ಎರಡು ಮುಖಗಳನ್ನು ಪಕ್ಕಪಕ್ಕ ಇಟ್ಟು ನೋಡಬಹುದು. ಎರಡರ ನಡುವೆ ಒಂದು ವಾರ ಬಿಡಿ. 'ಇನ್ ದ ಬೆಡ್‌ರೂಮ್' ಅನ್ನು ಶನಿವಾರ ರಾತ್ರಿಗೆ ಇಟ್ಟುಕೊಳ್ಳಿ. ಮಾರನೆಯ ದಿನ ಕೆಲಸಕ್ಕೆ ಹೋಗುವುದು ಕಷ್ಟವಾಗುತ್ತದೆ.